ಬಿಕ್ಕಳಿಕೆಗೆ ನಾಲ್ಕು ಮುದ್ರೆ

"ಯುಗಾದಿಗೆ ಹೇಳಿದ ಪಲ್ಲಕ್ಕಿ ದಸರೆ ಹತ್ತಿರವಾದರೂ ಬರಲಿಲ್ಲ. ಇನ್ನು ಹದಿನೈದು ದಿನ ನೋಡುತ್ತೇನೆ. ಆಗಲೂ ಬಾರದಿದ್ದರೆ ಆ ಬಡಗಿ ಮೌನೇಶಾಚಾರಿ ಊರು ಬಿಡಲಿ" ಎಂದು ಮಣಿಗಿರಿಯ ದೊರೆ ವೀರಸೋಮ ಗುಡುಗಿದ.

ತಡ ಬಡಗಿಯದಲ್ಲವೆಂದು ಆಸ್ಥಾನದ ಗುರುಶಾಂತಶೆಟ್ಟಿಗೆ ಗೊತ್ತಿತ್ತು. ತಿನಿಸೊಂದನ್ನು ಬಿಟ್ಟು ಹೊಸ ವಸ್ತು ಏನೇ ಇರಲಿ, ನಾಲ್ವರು ಅಧಿಕಾರಿಗಳು ಒಬ್ಬರಾದ ಮೇಲೊಬ್ಬರು ನೋಡಿ ಮುದ್ರೆ ಒತ್ತದೆ ದೊರೆಯ ಕೈ ಸೇರಕೂಡದು. ಯಾರಾದರೂ ತಿದ್ದುಪಡಿ ಹೇಳಿದರೆ ಮತ್ತೆ ಮೊದಲನೆಯವನಿಂದ ಶುರು. ಕಟ್ಟಳೆ ದೊರೆಯದೇ. ಪಲ್ಲಕ್ಕಿಯ ಕಾಲೊಂದೇ ಆಗಲೇ ಅರಮನೆಯನ್ನು ಹನ್ನೊಂದು ಸುತ್ತು ಸುತ್ತಿತ್ತು.

ಶೆಟ್ಟಿ ಇಪ್ಪತ್ತು ವರ್ಷ ಗಾಡಿ ಕಟ್ಟಿ ಮೆಣಸು ಮಾರಿದವನು. ಸುಂಕದ ಕಟ್ಟೆ ಹೆಚ್ಚಿದಷ್ಟೂ ಸರಕು ಕೆಡುತ್ತದೆಂದು ಅವನಿಗೆ ಯಾರೂ ಹೇಳಿಕೊಡಬೇಕಿರಲಿಲ್ಲ. ದೊರೆಗೆ ಬಾಯಲ್ಲಿ ಹೇಳಿದರೆ ಆಗದು, ಗಂಟಲಿಗೇ ಮುಟ್ಟಿಸಬೇಕು ಎಂದುಕೊಂಡ.

ಮರುದಿನ ಹುರಿಗಡಲೆ ತಂಬಿಟ್ಟು ತಂದ. ದೊರೆಗೆ ತಂಬಿಟ್ಟೆಂದರೆ ಪ್ರಾಣ. ಒಂದೇ ಸಲಕ್ಕೆ ಎರಡುಂಡೆ ಬಾಯಿಗೆ ಹೋದವು. ಹಿಟ್ಟು ಗಂಟಲು ಕಚ್ಚಿ ಬಿಕ್ಕಳಿಕೆ ಹತ್ತಿತು.

"ನೀರು... ಬಿಕ್... ನೀರು ಕೊಡಯ್ಯಾ."

"ಹಳೆಯ ಹೂಜಿಯನ್ನು ಈಗಷ್ಟೇ ತೊಳೆಯಲು ಕಳಿಸಿದೆ ಪ್ರಭು. ಇದು ಹೊಸದು. ಮುದ್ರೆ ಬಿದ್ದರೆ ಆಯಿತು."

ಮೊದಲನೆಯ ಅಧಿಕಾರಿ ಹೂಜಿಯನ್ನು ತಟ್ಟಿ, ಕಿವಿಯಿಟ್ಟು ಕೇಳಿ ಮುದ್ರೆ ಒತ್ತಿದ. ಎರಡನೆಯವನು ಅದರ ಕೊರಳಿಗೆ ದಾರ ಸುತ್ತಿ ಅಳೆದ. ಮೂರನೆಯವನು ಮೂಸಿದ.

"ಮಣ್ಣಿನ ವಾಸನೆ ಬರುತ್ತಿದೆಯಲ್ಲ ಶೆಟ್ಟರೇ?"

"ಮಣ್ಣಿನ ಹೂಜಿ ಸ್ವಾಮಿ."

ಅವನು ಬಹಳ ಹೊತ್ತು ಯೋಚಿಸಿ ಒತ್ತಿದ. ನಾಲ್ಕನೆಯವನು ತಲೆ ವಾಲಿಸಿ ನೋಡಿ, "ಮೂತಿ ತುಸು ಎಡಕ್ಕಿದ್ದರೆ ಚೆನ್ನಿತ್ತು" ಎಂದ.

"ಹಾಗಾದರೆ ಮೊದಲಿನಿಂದ ಆಗಲಿ" ಎಂದು ಶೆಟ್ಟಿ ಹೂಜಿಯನ್ನು ಮೊದಲನೆಯವನ ಮುಂದೆ ಇಟ್ಟ.

ದೊರೆಯ ಕಣ್ಣಲ್ಲಿ ನೀರು ಬಂತು, ಬಾಯಿಗೆ ಮಾತ್ರ ಬರಲಿಲ್ಲ. "ಯಾರಯ್ಯಾ ನನ್ನನ್ನು... ಬಿಕ್... ಇಷ್ಟೊಂದು ನೆನೆಸಿಕೊಳ್ಳುತ್ತಿರುವವರು?"

"ಹನ್ನೆರಡನೆಯ ಸುತ್ತಿಗೆ ಪಲ್ಲಕ್ಕಿ ಕಾಲು ಹಿಡಿದು ಹೊರಗೆ ಕೂತಿರುವ ಮೌನೇಶಾಚಾರಿಯೇ ಇರಬೇಕು ಪ್ರಭು."

ದೊರೆ ಹೂಜಿ ಕಿತ್ತುಕೊಂಡು ಗಟಗಟ ಕುಡಿದ. ಉಸಿರು ಬಂತು, ಹಿಂದೆಯೇ ನಗೆಯೂ ಬಂತು. ಪಲ್ಲಕ್ಕಿಯ ಮಟ್ಟಿಗೆ ನಾಲ್ವರೂ ಬಡಗಿಯ ಜಗುಲಿಗೇ ಹೋಗಿ, ಹೇಳುವುದನ್ನೆಲ್ಲ ಮರಕ್ಕೆ ಗರಗಸ ಬೀಳುವ ಮೊದಲೇ ಒಟ್ಟಿಗೆ ಹೇಳಿ, ಒಂದೇ ಮುದ್ರೆ ಒತ್ತಬೇಕೆಂದು ಅಪ್ಪಣೆಯಾಯಿತು. ಹನ್ನೆರಡನೆಯ ದಿನ ಪಲ್ಲಕ್ಕಿ ಅರಮನೆ ಬಾಗಿಲಲ್ಲಿತ್ತು.

"ನಿನಗೂ ಬಡಗಿಗೂ ಒಂದೊಂದು ಚಿನ್ನದ ಕಡಗ ಮಾಡಿಸುತ್ತೇನೆ" ಎಂದ ದೊರೆ.

ಶೆಟ್ಟಿ ಅಲ್ಲೇ ಕೈ ಚಾಚಿದ. "ನಿಮ್ಮ ಕೈಯಲ್ಲಿರುವ ಹಳೆಯ ಜೋಡಿಯನ್ನೇ ಕೊಟ್ಟುಬಿಡಿ ಪ್ರಭು. ಹೊಸದಾದರೆ ಇವರು ಮೂಸಿ ಮುಗಿಸುವವರೆಗೆ ನಾವಿಬ್ಬರೂ ಬದುಕಿರಬೇಕಲ್ಲ."