ಆಕಾಶದ ಹರಕು ಹೊಲಿದ ದುರಗವ್ವ

ಲೋಕ ಇನ್ನೂ ಹೊಸದಾಗಿದ್ದಾಗ ಆಕಾಶಕ್ಕೆ ಗಂಜಿ ಹಾಕಿದ ಬಟ್ಟೆಯ ವಾಸನೆ ಇತ್ತು. ಒಂದು ಸುಕ್ಕಿಲ್ಲ, ಒಂದು ಕಲೆಯಿಲ್ಲ. ಆಗ ಮಿಂಚೂ ಇರಲಿಲ್ಲ, ಗುಡುಗೂ ಇರಲಿಲ್ಲ. ಮಳೆ ಬೇಕಾದಾಗ ಸದ್ದಿಲ್ಲದೆ ಬಂದು ಹೋಗುತ್ತಿತ್ತು.

ಗಾಳಿಯ ಕೈ ಮಾತ್ರ ಸುಮ್ಮನಿರುತ್ತಿರಲಿಲ್ಲ. ಒಂದು ದಿನ ಅದು ಆಕಾಶದ ಅಂಚು ಹಿಡಿದು, ಹೆಂಗಸರು ಕೌದಿ ಕೊಡವುವಂತೆ ಪಟಪಟ ಕೊಡವಿತು. "ಮೆಲ್ಲಕ ಝಾಡಿಸೋ ತಮ್ಮಾ, ನನ್ನ ತುದಿ ಚೂಪ ಐತಿ" ಎಂದು ಗುಡ್ಡ ಹೇಳುತ್ತಲೇ ಇತ್ತು. ಗಾಳಿ ಯಾರ ಮಾತು ಕೇಳಿದೆ? ಗುಡ್ಡದ ತುದಿಗೆ ಸಿಕ್ಕಿ ಪರ್ರೆಂದು ಆಕಾಶ ಹರಿಯಿತು.

ಆ ಹರಕಿನಾಚೆ ಬೆಳಕಿರಲಿಲ್ಲ, ಕತ್ತಲೆಯೂ ಇರಲಿಲ್ಲ. ಇಣುಕಿದವರು ಏನು ಕಂಡೆವೆಂದು ಹೇಳಲಾರದೆ ಹೋದರು. ಹರಕಿನ ಕೆಳಗೆ ಕಾಲವೇ ದಾರಿ ತಪ್ಪಿತು. ಬೆಳಗ್ಗೆ ತೆನೆ ತೂಗುತ್ತಿದ್ದ ಜೋಳ ಮಧ್ಯಾಹ್ನಕ್ಕೆ ಮೊಳಕೆಯಾಯಿತು. ಕೋಳಿ ತಿರುಗಿ ಮೊಟ್ಟೆಯೊಳಗೆ ಹೋಗಿ ಕೂತಿತು. ಹೊಳೆ ನಿಂತಲ್ಲೇ ನಿಂತು, "ನಾ ಯಾವ ಕಡೆ ಹರೀಲಿ? ಯಾರಾದ್ರೂ ಹೇಳ್ರಿ" ಎಂದು ಅತ್ತಿತು.

ಆ ಗುಡ್ಡದ ಬುಡದಲ್ಲಿ ಹಳೆ ಬಟ್ಟೆಯ ತೇಪೆ ಸೇರಿಸಿ ಕೌದಿ ಹೊಲಿಯುವ ದುರಗವ್ವ ಇದ್ದಳು. ಅವಳಿಗೆ ಏಳು ವರ್ಷದ ಒಬ್ಬಳೇ ಮಗಳು, ಈರಿ. ಆ ಹುಡುಗಿಯ ಕಾಲಲ್ಲಿ ಚಕ್ರ. ಆಡು ಮೇಯಿಸಲು ಹೋದವಳು ಒಂದು ಹಗಲೆಲ್ಲ ಹರಕಿನ ಕೆಳಗೇ ಆಡಿ ಬಂದಳು.

ಮರುದಿನ ತಲೆ ಬಾಚುವಾಗ ದುರಗವ್ವ ಮಗಳ ಬಾಯಿ ನೋಡಿದಳು. ಕಳೆದ ತಿಂಗಳು ಬಿದ್ದಿದ್ದ ಹಾಲುಹಲ್ಲು ಮತ್ತೆ ತನ್ನ ಜಾಗದಲ್ಲಿ ಕೂತಿತ್ತು. ಅದರ ಮರುದಿನ ಈರಿಯ ಲಂಗ ಸೊಂಟದಲ್ಲಿ ನಿಲ್ಲಲಿಲ್ಲ. ಅದರ ಮರುದಿನ ಮಾತು ತೊದಲಿತು. ಅದರ ಮರುದಿನ ನಿಂತವಳು ದೊಪ್ಪನೆ ಕೂತು, ಅಂಬೆಗಾಲಿಟ್ಟಳು.

ದುರಗವ್ವ ಪಕ್ಕದ ಮನೆಯ ಯಂಕವ್ವನ ಬಳಿ ಓಡಿದಳು. ಯಂಕವ್ವನ ಆಡಿನ ಮರಿಯೂ ಆ ದಿನ ಈರಿಯ ಜೊತೆಗಿತ್ತು.

"ಯಕ್ಕಾ, ನಿನ್ನ ಮರಿ ಹೆಂಗೈತಿ?"

"ಯಾವ ಮರಿ?"

"ಬಿಳೀ ಕಿವೀದು! ನೀನೇ ಕೈಯಾರೆ ಹಾಲು ಕುಡಿಸಿ ಬೆಳೆಸಿದ್ದೆಲ್ಲ!"

"ನಮ್ಮನ್ಯಾಗ ಮರಿ ಎಲ್ಲಿತ್ತು ತಂಗಿ?" ಎಂದಳು ಯಂಕವ್ವ. ಅವಳ ಕೈಯಲ್ಲಿ ಗೆಜ್ಜೆ ಕಟ್ಟಿದ ಪುಟ್ಟ ಹಗ್ಗವಿತ್ತು. ಅದು ಯಾಕೆ ತನ್ನ ಕೈಯಲ್ಲಿದೆಯೆಂದು ಅವಳಿಗೆ ತಿಳಿಯಲಿಲ್ಲ.

ದುರಗವ್ವನಿಗೆ ಆಗ ತಿಳಿಯಿತು. ಮಗಳು ಹೋಗುವುದಷ್ಟೇ ಅಲ್ಲ, ಮಗಳೊಬ್ಬಳಿದ್ದಳು ಎಂಬುದೂ ಹೋಗುತ್ತದೆ. ನಾಳೆ ಈ ಸಣ್ಣ ಲಂಗ ಹಿಡಿದುಕೊಂಡು ಇದು ಯಾರದೆಂದು ತಾನೇ ಕೇಳಬಹುದು. ಅಂಥ ಭಯ ಅವಳಿಗೆ ಹುಟ್ಟಿದಾಗಿನಿಂದ ಆಗಿರಲಿಲ್ಲ.

ಅವಳಿಗೆ ಬರುತ್ತಿದ್ದುದು ಒಂದೇ ಕೆಲಸ, ಹರಿದದ್ದನ್ನು ಹೊಲಿಯುವುದು. ಕೂಸನ್ನು ಬೆನ್ನಿಗೆ ಕಟ್ಟಿಕೊಂಡು ಹೊರಟಳು. ಜಾಲಿ ಮರ ಸೂಜಿಗೆಂದು ಉದ್ದನೆಯ ಮುಳ್ಳು ಕೊಟ್ಟಿತು. ಹೊಳೆ ತನ್ನ ಹೊಳಪನ್ನೇ ಎಳೆ ಎಳೆಯಾಗಿ ಬಿಚ್ಚಿ ದಾರ ಕೊಟ್ಟಿತು. ಮೋಡಗಳು ತೇಪೆಗೆ ತಮ್ಮ ಸೆರಗು ಹರಿದು ಕೊಟ್ಟವು. ಗಾಳಿ ತಲೆ ತಗ್ಗಿಸಿ ಬಂದು, "ಯವ್ವಾ, ನನ್ನ ಹೆಗಲ ಮ್ಯಾಲೆ ಕೂಡು" ಎಂದಿತು.

"ಮಾಡೋದೆಲ್ಲ ಮಾಡಿ ಈಗ ಶ್ಯಾಣ್ಯಾ ಆದಿ" ಎಂದು ಬೈಯುತ್ತಲೇ ಅವಳು ಹತ್ತಿದಳು.

ಹರಕಿನ ಹತ್ತಿರ ಅವಳ ಕೈ ಅವಳ ಕೈಯಾಗಿ ಉಳಿಯಲಿಲ್ಲ. ಒಮ್ಮೆ ಮುದುಕಿಯ ಕೈ, ಒಮ್ಮೆ ಎಳೆ ಹುಡುಗಿಯ ಕೈ. ಹಾಕಿದ ಹೊಲಿಗೆ ಹಾಕಿಯೇ ಇಲ್ಲವೆಂಬಂತೆ ಮಾಯವಾಗುತ್ತಿತ್ತು. ಅವಳು ಮತ್ತೆ ಹಾಕಿದಳು, ಮತ್ತೆ ಮತ್ತೆ ಹಾಕಿದಳು. ಬೆನ್ನ ಮೇಲಿನ ಭಾರ ಕಡಿಮೆಯಾಗುತ್ತಲೇ ಇತ್ತು. ತಿರುಗಿ ನೋಡಲು ಅವಳಿಗೆ ಧೈರ್ಯವಾಗಲಿಲ್ಲ.

ಕೊನೆಗೆ ಒಂದೇ ತೇಪೆ ಉಳಿಯಿತು. ಕೌದಿ ಹೊಲಿಯುವವರು ಕೊನೆಯ ತೇಪೆ ಮುಚ್ಚುವ ಮೊದಲು ಅದರೊಳಗೆ ಒಂದು ಚೂರು ರೊಟ್ಟಿ, ಚಿಟಿಕೆ ಬೆಲ್ಲ ಇಡುತ್ತಾರೆ. ಕೌದಿಯ ಹೊಟ್ಟೆ ತುಂಬಿಸುವುದು ಎನ್ನುತ್ತಾರೆ ಅದಕ್ಕೆ. ಎಷ್ಟೋ ಕೌದಿಗಳ ಹೊಟ್ಟೆ ತುಂಬಿಸಿದ್ದ ದುರಗವ್ವ ಆ ದಿನದ ಗಡಿಬಿಡಿಯಲ್ಲಿ ರೊಟ್ಟಿ ತರುವುದನ್ನೇ ಮರೆತಿದ್ದಳು.

ತೇಪೆ ಒಳಕ್ಕೆ ಜಗ್ಗಿತು. ಹಾಕಿದ ಹೊಲಿಗೆಗಳು ಒಂದೊಂದಾಗಿ ಬಿಚ್ಚತೊಡಗಿದವು.

"ಹಸಿವು" ಎಂದಿತು ಹರಕು. "ಬೆನ್ನ ಮ್ಯಾಲಿಂದು ಕೊಡು."

ಅವಳು ಮೂಗುತಿ ಬಿಚ್ಚಿ ಕೊಟ್ಟಳು. ಹರಕು ಉಗುಳಿತು. ಬಳೆ ಕೊಟ್ಟಳು. ಅದನ್ನೂ ಉಗುಳಿತು. ಬೆನ್ನ ಮೇಲೆ ಈಗ ಹಿಡಿ ಹತ್ತಿಯಷ್ಟೇ ಭಾರ. ಮಗಳ ಹೆಸರು ಅವಳ ನೆನಪಿನಿಂದ ಜಾರುತ್ತಿತ್ತು. ಪೂರ್ತಿ ಮರೆಯುವ ಮೊದಲು ಒಮ್ಮೆಯಾದರೂ ಕರೆದುಬಿಡಬೇಕೆಂದು, ಸಂಜೆ ಬಾಗಿಲಲ್ಲಿ ನಿಂತು ಕರೆಯುತ್ತಿದ್ದಂತೆಯೇ, ಎದೆ ಬಿರಿಯುವ ಹಾಗೆ ಕೂಗಿದಳು:

"ಈರೀ... ಒಳಗ ಬಾರವ್ವಾ!"

ಹರಕು ಜಗ್ಗುವುದನ್ನು ನಿಲ್ಲಿಸಿತು. ಅದು ಎಷ್ಟೋ ಜೀವಗಳ ವರ್ಷಗಳನ್ನು ತಿಂದಿತ್ತು, ಇಷ್ಟು ಹೊಟ್ಟೆ ತುಂಬುವಂಥದ್ದು ಅದಕ್ಕೆ ಸಿಕ್ಕಿರಲಿಲ್ಲ. ಕೂಗಿನ ಜೊತೆಗೆ ಅವಳ ದನಿಯನ್ನೂ ಬೇರುಸಮೇತ ನುಂಗಿ ಬಾಯಿ ಮುಚ್ಚಿತು. ಆ ಗಳಿಗೆಯಲ್ಲೇ ದುರಗವ್ವ ಕೊನೆಯ ಹೊಲಿಗೆ ಹಾಕಿ ಗಂಟು ಬಿಗಿದಳು.

ಬೆನ್ನ ಮೇಲೆ ಆಗ ತಾನೇ ಹುಟ್ಟಿದ ಕೂಸಿನ ಅಳು ಕೇಳಿತು. ಹೊಳೆ ತನ್ನ ದಾರಿ ಹಿಡಿಯಿತು. ಯಂಕವ್ವನ ಮರಿ ತಿರುಗಿ ಬರಲಿಲ್ಲ, ಆದರೆ ಈರಿ ಉಳಿದಳು. ಮೊದಲಿನಿಂದ ಬೆಳೆದು ಮತ್ತೆ ಏಳು ವರ್ಷದವಳಾದಳು. ಅವ್ವನಿಗೆ ಮಾತ್ರ ಅವಳನ್ನು ಕೂಗಲು ದನಿಯಿರಲಿಲ್ಲ. ಬಾಗಿಲಲ್ಲಿ ನಿಂತು ಕೈ ಬೀಸುತ್ತಿದ್ದಳು. ಈರಿ ನೋಡಿದರೆ ನೋಡಿದಳು, ಇಲ್ಲದಿದ್ದರೆ ಇಲ್ಲ.

ಒಂದು ಮಧ್ಯಾಹ್ನ ಈರಿ ದೂರದ ಬಯಲಲ್ಲಿ, ಒಂದು ಬೇವಿನ ಮರದ ಕೆಳಗಿದ್ದಳು. ಮೋಡದ ತೇಪೆಗಳು ನೀರು ಕುಡಿದು ಭಾರವಾಗಿದ್ದವು. ಹೊಲಿಗೆ ಜಗ್ಗಿತು. ಹೊಳೆ ಕೊಟ್ಟ ದಾರ ಆಕಾಶದ ಉದ್ದಕ್ಕೂ ಫಳಾರನೆ ಹೊಳೆಯಿತು. ಈರಿ ಬಾಯಿ ತೆರೆದು ನೋಡುತ್ತಾ ನಿಂತಳು. ಬಿಟ್ಟ ಸಂದಿನಿಂದ ಅವ್ವನ ಕೂಗು ಹೊರಬಿತ್ತು. ಒಳಗಿನ ಸೊಟ್ಟ ಕಾಲದಲ್ಲಿ ಸುತ್ತಿ ಸುತ್ತಿ ಬರುವಷ್ಟರಲ್ಲಿ ಅದಕ್ಕೆ ತಡವಾಗಿತ್ತು, ಮಾತುಗಳೆಲ್ಲ ಸವೆದು ಬರೀ ಮೊಳಗು ಉಳಿದಿತ್ತು. ಆದರೂ ಈರಿಗೆ ಅರ್ಥವಾಯಿತು. ಆಡುಗಳನ್ನು ಹೊಡೆದುಕೊಂಡು ಮನೆಗೆ ಓಡಿದಳು. ಎರಡನೇ ಸಲ ದಾರ ಹೊಳೆದಾಗ, ಬಿಟ್ಟ ಸಂದಿನ ನೇರ ಕೆಳಗಿದ್ದ ಆ ಬೇವಿನ ಮರ ರೆಪ್ಪೆ ಬಡಿಯುವುದರಲ್ಲಿ ನೂರು ವರ್ಷ ಮುದಿಯಾಗಿ, ಸೀಳಿಹೋಗಿ, ಕರಕಲಾಗಿ ನಿಂತಿತು.

ಅದಕ್ಕೇ ಇವತ್ತಿಗೂ ಮಿಂಚು ಮೊದಲು ಕಾಣುತ್ತದೆ, ಗುಡುಗು ಆಮೇಲೆ ಬರುತ್ತದೆ. ಅದು ಕೇಳಿದ ಕೂಡಲೇ ಬಯಲಲ್ಲಿ ಆಡುವ ಮಕ್ಕಳು, ಯಾರ ಮಕ್ಕಳೇ ಆಗಲಿ, ಹೆಸರು ಹಿಡಿದು ಕರೆದಂತೆ ಮನೆಯೊಳಗೆ ಓಡುತ್ತಾರೆ.