ನಡುಹೊಳೆಯಲ್ಲಿ ಬಿಟ್ಟ ಹುಡುಗಿ

ಹೊಳೆಯ ದಂಡೆಗೆ ಒಂದು ಮಠ. ಶ್ರಾವಣ ಬಂತೆಂದರೆ ಅಲ್ಲಿ ದಿನಾ ಸಂಜೆ ಪುರಾಣ. ಹೇಳುವವರು ಹಾಲಯ್ಯಜ್ಜ, ಕೇಳುವವರು ಊರಿಗೆ ಊರೇ.

ಆ ವರ್ಷ ಅಜ್ಜನ ಗಂಟಲು ಕೈಕೊಟ್ಟಿತು. ಪಿಸುಮಾತು ಬಿಟ್ಟರೆ ಬೇರೆ ದನಿ ಹೊರಡದು. ಹೀಗಾಗಿ ಪುರಾಣ ಹೇಳಲು ಕೂತವನು ಶಿಷ್ಯ ನಿರುಪಾದಿ.

ನಿರುಪಾದಿ ಮಠದಲ್ಲೇ ಬೆಳೆದವನು. ತಾಯಿ ತೀರಿಕೊಂಡಾಗ, ಇನ್ನೂ ಹಾಲುಹಲ್ಲು ಬೀಳದ ವಯಸ್ಸಿನಲ್ಲಿ, ಯಾರೋ ತಂದು ಅಜ್ಜನ ಕೈಗೆ ಒಪ್ಪಿಸಿದ್ದರು. ದೊಡ್ಡವನಾಗಿ ದೂರದ ಪಾಠಶಾಲೆಗೆ ಹೋಗಿ ಶಾಸ್ತ್ರ ಓದಿ ಈಗಷ್ಟೇ ಮರಳಿದ್ದ. ಓದು ಗಟ್ಟಿಯಾಗಿಯೇ ಇತ್ತು, ಇಲ್ಲವೆನ್ನುವಂತಿಲ್ಲ. ತಲೆಯಿಂದ ಕೆಳಗೆ ಮಾತ್ರ ಇನ್ನೂ ಇಳಿದಿರಲಿಲ್ಲ.

"ಕಥಿ ಅನ್ನೋದು ಸಿಪ್ಪಿರೀ ಅಜ್ಜಾರ," ಎಂದಿದ್ದ ಮೊದಲ ದಿನವೇ. "ಹಣ್ಣು ಒಳಗಿರತೈತಿ. ಲಗೂನ ಸುಲದು ಕೊಟ್ರ ಮಂದಿಗೂ ಚಲೋ."

ಅಜ್ಜ ಅವನನ್ನು ನೋಡಿ ನಕ್ಕರು.

ಆ ಮಠದಲ್ಲಿ ಒಂದು ರೂಢಿಯಿತ್ತು. ಕಥೆಯೊಳಗಿನ ಜೀವ ಸಂಕಟದಲ್ಲಿರುವಾಗ ಆ ದಿನದ ಪುರಾಣ ನಿಲ್ಲಿಸುವಂತಿಲ್ಲ. ಕಾಡಿನಲ್ಲಿದ್ದರೆ ಮನೆ ಮುಟ್ಟಿಸಬೇಕು, ಸೆರೆಯಲ್ಲಿದ್ದರೆ ಬಿಡಿಸಬೇಕು. ಮಂಗಳಾರತಿ ಆಮೇಲೆ. ಮುಂದಿನ ಸಾಲಿನಲ್ಲಿ ಒಬ್ಬರು ಕೂತು ಮಾತುಮಾತಿಗೂ ಹೂಂ ಅನ್ನುತ್ತಿರಬೇಕು, ಅದೂ ರೂಢಿಯೇ. ಬಹಳ ವರ್ಷದಿಂದ ಹೂಂ ಅನ್ನುವವಳು ಶಂಕರೆವ್ವ ಎಂಬ ಮುದುಕಿ.

ಇದೆಲ್ಲ ನಿರುಪಾದಿಗೆ ಗೊತ್ತಿತ್ತು. ಗೊತ್ತಿದ್ದೂ ಅದನ್ನು ಲೆಕ್ಕಕ್ಕೇ ತೆಗೆದುಕೊಂಡಿರಲಿಲ್ಲ.

ಅವತ್ತು ಅಂಬಿಗರ ಹುಡುಗಿಯ ಕಥೆ. ಹುಡುಗಿ ಆಚೆ ದಡದ ಕಾಡಿಗೆ ಶಿವಪೂಜೆಯ ಪತ್ರಿ ತರಲು ಹೋಗಿದ್ದಾಳೆ. ಬರುವಾಗ ಹೊಳೆ ಏರಿದೆ. ನಡುಹೊಳೆಯ ಕಲ್ಲೊಂದನ್ನು ಹತ್ತಿ ನಿಂತಿದ್ದಾಳೆ. ಈಚೆ ದಡದಲ್ಲಿ ತಾಯಿ.

ಅಲ್ಲಿಗೆ ನಿರುಪಾದಿ ಕಥೆ ನಿಲ್ಲಿಸಿದ. ಹೊಳೆ ಅಂದರೆ ಸಂಸಾರ, ಕಲ್ಲು ಅಂದರೆ ನಿಷ್ಠೆ, ಹುಡುಗಿ ಅಂದರೆ ಜೀವಾತ್ಮ ಎಂದು ಶುರುಮಾಡಿದವನು ಶ್ಲೋಕದ ಮೇಲೆ ಶ್ಲೋಕ ಹೇಳಿದ. ಓದಿದವರು ತಲೆದೂಗಿದರು. ಹೊತ್ತು ಮೀರಿತು. ಮಂಗಳಾರತಿಯಾಯಿತು, ಪ್ರಸಾದವಾಯಿತು, ಮಂದಿ ಎದ್ದು ಹೋದರು.

ಶಂಕರೆವ್ವ ಮಾತ್ರ ಕೂತಲ್ಲೇ ಕೂತಿದ್ದಳು. ಮುದುಕಿಗೆ ಜೊಂಪು ಹತ್ತಿರಬೇಕು ಎಂದುಕೊಂಡ ನಿರುಪಾದಿ.

ಮರುದಿನ ಬೆಳಿಗ್ಗೆ ಅಜ್ಜನ ಮುಂದೆ ಗಂಜಿಯ ಬಟ್ಟಲು ಇಟ್ಟ. ಅಜ್ಜ ಮುಟ್ಟಲಿಲ್ಲ.

"ಆ ಹುಡುಗಿ ಎಲ್ಲಿ ಅದಾಳಪಾ?" ಎಂದು ಪಿಸುಗುಟ್ಟಿದರು.

"ಯಾವ ಹುಡುಗಿರೀ ಅಜ್ಜಾರ?"

"ನಿನ್ನೆ ನಡುಹೊಳ್ಯಾಗ ಬಿಟ್ಟು ಎದ್ದು ಬಂದೆಲ್ಲಾ, ಅಕಿ."

ನಿರುಪಾದಿಗೆ ನಗು ಬಂತು. "ಅದು ಬರೇ ಕಥೀರೀ!"

"ರಾತ್ರಿಯೆಲ್ಲಾ ಮಳಿ ಹೊಡೀತು. ನಿನಗ ಕೇಳಸಲಿಲ್ಲೇನು?"

ಅವನ ನಗು ಅಲ್ಲಿಗೇ ನಿಂತಿತು.

"ಹೋಗು," ಎಂದರು ಅಜ್ಜ. "ದಂಡಿಗೆ ಕರಕೊಂಡು ಬಾ. ಆಮ್ಯಾಲ ಗಂಜಿ."

ಗುರುವಿನ ಮಾತು, ಮೀರುವಂತಿಲ್ಲ. ನಿರುಪಾದಿ ಊರಿನ ಕಡೆ ನಡೆದ. ಕಥೆ ಕೇಳಿದವರ ಮನೆಗೆ ಹೋಗಿ, ಉಳಿದದ್ದು ಹೇಳಿ, ಕೈ ಮುಗಿದು ಬಂದರಾಯಿತು ಎಂದು ಅವನ ಎಣಿಕೆ. ಒಳಗೊಳಗೇ ಸಿಟ್ಟೂ ಇತ್ತು, ಸುಳ್ಳೇಕೆ.

ಮೊದಲು ಸಿಕ್ಕವನು ಹಿಟ್ಟಿನ ಗಿರಣಿಯ ಈರಭದ್ರಪ್ಪ.

"ಆ ಹುಡುಗೀನ? ರಾತ್ರಿನ ದಾಟಿಸೇವಲ್ರೀ," ಎಂದ. "ಅಕಿ ದಾಟೂತನಾ ಮಲಗಂಗಿಲ್ಲ ಅಂತ ಮೊಮ್ಮಗಳು ಹಟ ಹಿಡೀತು. ಏನ್ ಮಾಡೂದು, ಒಂದು ಆನಿ ಕರಸಿದೆ. ಸೊಂಡಲೀಲೆ ಎತ್ತಿ ತಂದು ಬಿಡ್ತು."

ಬಾವಿಕಟ್ಟೆಯ ಹೆಂಗಸರೂ ದಾಟಿಸಿಬಿಟ್ಟಿದ್ದರು. ಓಣಿಯವರ ಸೀರೆಯೆಲ್ಲ ಸೇರಿಸಿ ಗಂಟು ಹಾಕಿ ಎಸೆದು ಎಳೆದುಕೊಂಡರಂತೆ. ಯಾರ ಸೀರೆ ಹರಿಯಿತು ಅನ್ನುವುದರ ಮೇಲೆ ಜಗಳವೇ ನಡೆದಿತ್ತು.

ನಿರುಪಾದಿಗೆ ಹಗುರವಾಯಿತು. ಊರೇ ದಾಟಿಸಿದ ಮೇಲೆ ತನ್ನದೇನು ಕೆಲಸ? ಮಠದ ದಾರಿ ಹಿಡಿದ.

ದಾರಿಯಲ್ಲೇ ಶಂಕರೆವ್ವನ ಮನೆ. ಎಲ್ಲರ ಮನೆಯಿಂದ ಹೊಗೆ ಏಳುವ ಹೊತ್ತು, ಇವಳ ಮನೆಯಿಂದ ಹೊಗೆಯಿಲ್ಲ. ಮುದುಕಿ ಕಟ್ಟೆಯ ಮೇಲೆ ಸೆರಗು ಹೊದ್ದು ಕೂತಿದ್ದಳು.

"ಯಾಕವ್ವಾ, ಒಲಿ ಹಚ್ಚಿಲ್ಲೇನು?"

"ಇಲ್ಲಪಾ. ನಿನ್ನೆ ಸಂಜೀಗೂ ಹಚ್ಚಿಲ್ಲ."

"ಮೈಯಾಗ ಆರಾಮಿಲ್ಲೇನು?"

"ಆರಾಮ ಅದೀನಿ. ಆ ಹುಡುಗಿ ಇನ್ನೂ ಅಲ್ಲೇ ಅದಾಳಲ್ಲಾ," ಎಂದಳು ಶಂಕರೆವ್ವ.

"ಊರಾಗ ಎಲ್ಲಾರೂ ದಾಟಿಸ್ಯಾರವ್ವಾ. ನೀನೂ ಒಂದೀಟು ದಾಟಿಸಿದ್ರ ಆಗತಿತ್ತು."

ಮುದುಕಿ ಅವನ ಮುಖವನ್ನೇ ನೋಡಿದಳು. ಕೋಪವೇನೂ ಇರಲಿಲ್ಲ.

"ನನ್ನ ಕೈಲೆ ಹ್ಯಾಂಗ ಆಗತೈತಪಾ? ನನ್ನ ಮಗಳನ್ನ ಕರಕೊಂಡು ಬರಾಕ ಆಗಲಿಲ್ಲ. ಹರಗೋಲು ಮಗಚಿದಾಗ ನಾ ಈ ದಂಡಿಮ್ಯಾಗ ನಿಂತಿದ್ದೆ."

ನಿರುಪಾದಿ ಮಠಕ್ಕೆ ಬರುವ ಮೊದಲಿನ ಮಾತದು. ಇದು ಅವನಿಗೆ ಗೊತ್ತಿರಲಿಲ್ಲ.

"ಹೋದಾಕಿ ಬರಂಗಿಲ್ಲ, ನನಗ ತಿಳೀತೈತಿ," ಎಂದಳು. "ಆದ್ರ ವರ್ಷಕ್ಕೊಮ್ಮೆ ಒಂದು ಹುಡುಗಿ ದಂಡಿಗೆ ಬರತಿದ್ಲು. ಅಜ್ಜಾರು ತರತಿದ್ರು. ಅದನ್ನ ನೋಡಿ ಮನೀಗೆ ಬಂದು ಉಣ್ಣತಿದ್ದೆ. ಮುಂದಿನ ಶ್ರಾವಣದ ತನಕ ಅಷ್ಟ ಸಾಕಾಗತಿತ್ತು."

ಆತ್ಮಕ್ಕೆ ಸಾವಿಲ್ಲ ಎಂಬ ಮಾತು ನಿರುಪಾದಿಯ ನಾಲಿಗೆಯ ತುದಿಗೆ ಬಂತು. ಪುಣ್ಯಕ್ಕೆ ಅಲ್ಲೇ ಉಳಿಯಿತು.

ಕಟ್ಟೆಯ ಕೆಳಗೆ ನೆಲದ ಮೇಲೆ ಕೂತ. "ಕಥಿ ಹೇಳ್ಲೇನವ್ವಾ?"

"ಹೇಳಪಾ."

"ಹೊಳಿ ಅಂದ್ರ ಈ ಸಂಸಾರ..."

ಶಂಕರೆವ್ವ ಹೂಂ ಅನ್ನಲಿಲ್ಲ. ನಿರುಪಾದಿ ಮುಂದೆ ಹೋಗಲಾರದೆ ತಡವರಿಸಿದ. ಬೆವರೊರೆಸಿಕೊಂಡು ಮತ್ತೆ ಮೊದಲಿನಿಂದ ಹಿಡಿದ.

"ಹೊಳಿ ಭಾಳ ಏರಿತ್ತು."

"ಹೂಂ."

"ಹುಡುಗಿ ತೊಯ್ದು ತೊಪ್ಪಿ ಆಗಿದ್ಲು. ಚಳಿಗೆ ಹಲ್ಲು ಕಟಕಟ ಅಂತಿದ್ದುವು."

"ಹೂಂ."

"ಉಡ್ಯಾಗಿನ ಪತ್ರಿ ಮಾತ್ರ ಬಿಟ್ಟಿರಲಿಲ್ಲ."

"ಹೂಂ," ಎಂದಳು ಶಂಕರೆವ್ವ, ಸ್ವಲ್ಪ ಮುಂದೆ ಬಾಗಿ.

ಅವನು ಓದಿದ ಗ್ರಂಥದಲ್ಲಿ ಮುಂದಿನದು ಒಂದೇ ಸಾಲು: ಶಿವಕೃಪೆಯಿಂದ ದಡ ಸೇರಿದಳು. ಅಷ್ಟು ಹೇಳಿದರೆ ಈ ಮುದುಕಿಯ ಹೊಟ್ಟೆಗೆ ಅನ್ನ ಇಳಿಯದು ಎಂದು ಅವನಿಗೆ ಈಗ ಅರ್ಥವಾಗಿತ್ತು. ಏನು ಹೇಳಲಿ ಎಂದು ಕಣ್ಣುಮುಚ್ಚಿದ. ಆಗ ಮೂಗಿಗೆ ಹಸಿ ಕಂಬಳಿಯ ವಾಸನೆ ಬಂತು.

ಚಿಕ್ಕಂದಿನಲ್ಲಿ ಹೊದ್ದ ಅಜ್ಜನ ಕಂಬಳಿಯ ನೆನಪು ಅದು. ಅವ್ವ ಬೇಕು ಎಂದು ಅತ್ತು ಅತ್ತು ನಿದ್ದೆ ಬಾರದಿದ್ದಾಗ ಅಜ್ಜ ಅವನನ್ನು ಆ ಕಂಬಳಿಯೊಳಗೆ ಎಳೆದುಕೊಂಡು ಇದೇ ಕಥೆ ಹೇಳುತ್ತಿದ್ದರು. ಒಂದು ಮಾತನ್ನೂ ಅವನು ಮರೆತಿರಲಿಲ್ಲ. ಓದಿನ ಭರದಲ್ಲಿ ಅದರ ಮೇಲೆ ಏನೇನೋ ಒಟ್ಟಿಕೊಂಡಿದ್ದನಷ್ಟೆ.

"ಅಷ್ಟೊತ್ತಿಗೆ ಒಬ್ಬ ಮುದುಕ ಅಂಬಿಗ ಬಂದ," ಎಂದ ನಿರುಪಾದಿ. "ಹರಕ ಕಂಬಳಿ ಹೊತ್ತಿದ್ದ. ಹೆದರಬ್ಯಾಡ ಮಗಳ, ನಾ ಬಂದೀನಿ ಅಂದ."

"ಹೂಂ."

"ಕಂಬಳ್ಯಾಗ ಸುತಗೊಂಡು ಹೆಗಲ ಮ್ಯಾಲ ಹೊತ್ಕೊಂಡ. ನೀರು ಎದಿಮಟ ಬಂತು. ಕುತಗಿಮಟ ಬಂತು."

ಮುದುಕಿಯ ಹೂಂ ಕೇಳಿಸಲಿಲ್ಲ. ಉಸಿರು ಬಿಗಿಹಿಡಿದಿದ್ದಳು.

"ಆದ್ರ ಕೈ ಬಿಡಲಿಲ್ಲವ್ವಾ. ಬಿಡಲಿಲ್ಲ. ದಂಡಿಗೆ ತಂದು ಅವರವ್ವನ ಉಡ್ಯಾಗ ಹಾಕಿದ."

"ಹೂಂ," ಎಂದಳು. ಕಣ್ಣೀರು ಧಾರೆಯಾಗಿ ಇಳಿಯುತ್ತಿತ್ತು. ನಿರುಪಾದಿಯದೂ ಅದೇ ಗತಿ.

"ಆಮ್ಯಾಲ ಅಂಬಿಗ ಅಂದ, ತಾಯೀ, ಹಸಿವು ಭಾಳ ಆಗೈತಿ. ಒಂದು ರೊಟ್ಟಿ ಇದ್ರ ಕೊಡವ್ವಾ."

ಶಂಕರೆವ್ವ ಸೆರಗಿನಿಂದ ಮುಖ ಒರೆಸಿಕೊಂಡು ಎದ್ದಳು. ಒಳಗೆ ಹೋಗಿ ಒಲೆ ಹಚ್ಚಿದಳು. ರೊಟ್ಟಿ ಬಡಿಯುವ ಸದ್ದು ಬೀದಿಗೆ ಕೇಳಿಸಿತು.

ಅವನಿಗೆ ಬಡಿಸಿದಳು, ತಾನೂ ಉಂಡಳು. ಹೊರಡುವಾಗ ಒಂದು ಬಟ್ಟೆಯಲ್ಲಿ ಬಿಸಿ ರೊಟ್ಟಿ ಕಟ್ಟಿಕೊಟ್ಟಳು.

"ಅಜ್ಜಾರಿಗೆ ಕೊಡು," ಎಂದಳು. "ನಿನ್ನ ಹೊಟ್ಟಿ ತಣ್ಣಗಿರಲಿ, ನನ್ನಪ್ಪ."

ಅಜ್ಜ ಗಂಜಿಯ ಬಟ್ಟಲ ಮುಂದೆ ಹಾಗೇ ಕೂತಿದ್ದರು. ಗಂಜಿ ಆರಿ ಕೆನೆಗಟ್ಟಿತ್ತು.

"ಬಂದ್ಲೇನು?"

"ಬಂದ್ಲುರೀ ಅಜ್ಜಾರ," ಎಂದು ನಿರುಪಾದಿ ರೊಟ್ಟಿಯ ಗಂಟು ಮುಂದಿಟ್ಟ.

ಅಜ್ಜ ರೊಟ್ಟಿ ಮುರಿದು ಗಂಜಿಯಲ್ಲಿ ಅದ್ದಿ ತಿನ್ನತೊಡಗಿದರು.

"ಅರ್ಥ ಯಾವಾಗ ಹೇಳಬೇಕ್ರೀ ಹಂಗಾರ?"

"ಅಕಿ ಮೈ ಒರಸಿ, ಉಣಿಸಿ, ಮಲಗಿಸಿದ ಮ್ಯಾಲ. ಅಷ್ಟೊತ್ತಿಗೆ ಯಾರರ ಎಚ್ಚರ ಇದ್ರ ಹೇಳು."

ನಿರುಪಾದಿ ನಕ್ಕ. ಬಾಗಿ ಅಜ್ಜನ ಪಾದದ ಮೇಲೆ ಹಣೆ ಇಟ್ಟ.

"ನಡುಹೊಳ್ಯಾಗ ಇದ್ದವ ನಾನ ಇದ್ದೆ. ದಿನಾ ರಾತ್ರಿ ಹೊತಗೊಂಡು ದಂಡಿಗೆ ತಂದ್ರಿ. ಇಷ್ಟು ವರ್ಷದಾಗ ಒಂದು ದಿನಾನೂ ನಿಮ್ಮಿಂದ ಉಪಕಾರ ಆತು ಅಂತ ನಾ ಅನ್ನಲಿಲ್ಲಲ್ರೀ ಅಜ್ಜಾರ."

ಅಜ್ಜ ಅವನ ತಲೆಯ ಮೇಲೆ ಕೈಯಿಟ್ಟರು. ಕೇಳಿಸೀತೋ ಇಲ್ಲವೋ ಎಂಬಷ್ಟು ಸಣ್ಣ ದನಿಯಲ್ಲಿ ಹೇಳಿದರು:

"ಅಂದೀಯಲ್ಲಪಾ. ನಿದ್ದಿ ಹತ್ತೂತನಾ ಹೂಂ, ಹೂಂ ಅಂತಿದ್ದಿ."