ಹಿಂದೆ ಸರಿದ ಕಾಲು

ಹೊಳೆ ದಂಡೆಯ ಆಶ್ರಮಕ್ಕೆ ಒಬ್ಬ ಕಬಡ್ಡಿ ಹುಡುಗ ಸನ್ಯಾಸಿಯಾಗುತ್ತೇನೆಂದು ಬಂದ. ಹೆಸರು ಗವೀಶ.

ವೈರಾಗ್ಯ ಹುಟ್ಟಿ ಬಂದವನಲ್ಲ. ಹೆಣ್ಣು ಕೊಡುವ ಮಾವನನ್ನು ನೆಂಟರಿಷ್ಟರ ನಡುವೆ ಕೆಡವಿ ಬಂದವನು.

ಆಶ್ರಮದ ಮರಿದೇವ ಸ್ವಾಮಿಗಳು ಜಗಲಿಯ ಮೇಲೆ ಹಲಸಿನ ಬೀಜ ಸುಲಿಯುತ್ತಿದ್ದರು. ಸ್ವಾಮಿಗಳು ಎಲ್ಲವನ್ನೂ ಬಿಟ್ಟಿದ್ದರು, ಊಟ ಒಂದನ್ನು ಬಿಟ್ಟು. ಅದನ್ನು ಯಾರೂ ಹೇಳಬೇಕಾಗಿರಲಿಲ್ಲ, ಹೊಟ್ಟೆ ನೋಡಿದರೆ ಸಾಕಿತ್ತು.

"ಬುದ್ಧಿ, ನನಗೆ ದೀಕ್ಷೆ ಕೊಡಿ."

"ಯಾಕಪ್ಪಾ? ಪರೀಕ್ಷೆ ಫೇಲಾಯ್ತಾ?"

"ಇಲ್ಲ ಬುದ್ಧಿ."

"ಹಂಗಾದ್ರೆ ಹುಡುಗಿ."

"ಹುಡುಗಿ ಅಲ್ಲ ಬುದ್ಧಿ. ಹುಡುಗಿ ಅಪ್ಪ."

ಸ್ವಾಮಿಗಳು ಬೀಜದ ಮೊರ ಪಕ್ಕಕ್ಕಿಟ್ಟರು. "ಕೂತ್ಕೋ. ನಿಧಾನಕ್ಕೆ ಹೇಳು."

ಗವೀಶ ಹೇಳಿದ.

ಕಾಲೇಜು ತಂಡದಲ್ಲಿ ಅವನದು ಎಡಮೂಲೆ. ಎದುರು ತಂಡದವನು ಕಬಡ್ಡಿ ಕಬಡ್ಡಿ ಅನ್ನುತ್ತಾ ಒಳಗೆ ನುಗ್ಗುತ್ತಾನೆ, ಯಾರನ್ನಾದರೂ ಮುಟ್ಟಿ ವಾಪಸ್ ಓಡುತ್ತಾನೆ. ಓಡುವವನ ಕಣಕಾಲು ಹಿಡಿದು ಮಣ್ಣಿಗೆ ಹಾಕುವುದು ಮೂಲೆಯವನ ಕೆಲಸ.

ಆಟದ ಮೇಷ್ಟ್ರು ಮೊದಲ ದಿನವೇ ಅವನಿಗೆ ಹೇಳಿದ್ದರು: "ಮುಖ ನೋಡಬೇಡ. ಮುಖ ಸುಳ್ಳು ಹೇಳುತ್ತೆ. ಕಾಲು ನೋಡು. ನಿಂತ ಕಾಲಿಗೆ ಕೈ ಹಾಕಬೇಡ. ಹಿಂದೆ ಸರಿದ ಕಾಲನ್ನ ಬಿಡಬೇಡ."

ಗವೀಶ ಕಾಲೇಜಿನಲ್ಲಿ ಇದ್ದಷ್ಟು ದಿನವೂ ಅದನ್ನೇ ಮಾಡಿದ. ತಂಡಕ್ಕೆ ವಿಶ್ವವಿದ್ಯಾಲಯದ ಕಪ್ಪು ಬಂತು. ಹೂವಿನ ಹಾರ ಮಾತ್ರ ದಾಳಿಗೆ ಹೋಗುವ ಲೋಹಿತನಿಗೆ ಬಿತ್ತು. ಶಿಳ್ಳೆಯೂ ಅವನಿಗೆ, ಹುಡುಗಿಯರ ಕಣ್ಣೂ ಅವನಿಗೆ. ಪೇಪರಿನಲ್ಲಿ ಒಂದೇ ಒಂದು ಸಲ ಗವೀಶನ ಫೋಟೋ ಬಂತು: ಯಾರದೋ ಕಾಲು, ಅದನ್ನು ಹಿಡಿದ ಎರಡು ಕೈ. ಅವನ ತಾಯಿ ಅದಕ್ಕೇ ಕಟ್ಟು ಹಾಕಿಸಿ ದೇವರ ಪಕ್ಕ ನೇತುಹಾಕಿದಳು. ಬಂದವರೆಲ್ಲ ಯಾವ ದೇವರ ಕೈ ಇದು ಎಂದು ಕೇಳುತ್ತಿದ್ದರು.

ಆಟದ ಬಲದ ಮೇಲೆ ವಿದ್ಯುತ್ ಕಚೇರಿಯಲ್ಲಿ ಕೆಲಸ ಸಿಕ್ಕಿತು. ಕೆಲಸದ ಹಿಂದೆಯೇ ಸಂಬಂಧವೂ ಬಂತು. ಅಕ್ಕಿ ಮಿಲ್ಲಿನ ಪುಟ್ಟಲಿಂಗಯ್ಯನ ಮಗಳು ಮಮತ. ಹುಡುಗಿ ಲಕ್ಷಣವಾಗಿದ್ದಳು, ಬಾಯಿ ಚುರುಕು. ಹುಡುಗನಿಗೂ ಮನಸ್ಸು ಕೂತಿತು.

ನಿಶ್ಚಿತಾರ್ಥದ ದಿನ ಯಾರೋ ಹಿರಿಯರು ಅಂದರು, "ಮಾವನ ಕಾಲಿಗೆ ನಮಸ್ಕಾರ ಮಾಡಪ್ಪಾ."

ಗವೀಶ ಬಗ್ಗಿದ. ಅಷ್ಟೇ.

ಪುಟ್ಟಲಿಂಗಯ್ಯ ಒಂದು ಕಡೆ, ಪಂಚೆ ಇನ್ನೊಂದು ಕಡೆ. ತಾಂಬೂಲದ ತಟ್ಟೆಗಳೂ ಹೋದವು, ಅಡ್ಡ ನಿಂತಿದ್ದ ಹುಡುಗಿಯ ಸೋದರತ್ತೆಯೂ ಹೋದಳು. ಊರಿಗೆಲ್ಲ ಅಕ್ಕಿ ಮಾರುವ ದೊಡ್ಡ ಮನುಷ್ಯರು ಒಳಗೆ ಹಾಕಿದ್ದ ಪಟ್ಟೆ ಚಡ್ಡಿಯಲ್ಲಿ ಎರಡು ತೂತು ಇದ್ದವು ಎನ್ನುವುದು ಆವತ್ತೇ ಎಲ್ಲರಿಗೂ ಗೊತ್ತಾದದ್ದು.

ಕೆಡವಿದ್ದಷ್ಟೇ ಆಗಿದ್ದರೆ ಹೇಗೋ ಆಗುತ್ತಿತ್ತು. ಇವನು ಕಾಲು ಬಿಡಲೇ ಇಲ್ಲ. ತಂಡದ ಗೆಳೆಯನೊಬ್ಬ ಓಡಿಬಂದು ಸೀಟಿ ಊದಿದ ಮೇಲೆ ಬಿಟ್ಟ.

"ಸಂಬಂಧ ಮುರಿಯಿತು ಅಂತ ಹೇಳಿ ಕಳಿಸಿದ್ದಾರೆ ಬುದ್ಧಿ. ಬೇಕು ಅಂತ ಮಾಡಿದ್ದಲ್ಲ. ಕೈಗೆ ಅಭ್ಯಾಸ ಆಗಿಹೋಗಿದೆ. ನಾನು ಸಂಸಾರಕ್ಕೆ ಲಾಯಕ್ಕಿಲ್ಲ."

ಸ್ವಾಮಿಗಳು ಎದ್ದು ಅಂಗಳಕ್ಕೆ ಇಳಿದರು. "ಎಲ್ಲಿ, ನನಗೆ ನಮಸ್ಕಾರ ಮಾಡು."

"ಬೇಡ ಬುದ್ಧಿ. ನಿಮ್ಮ ಮೈ ಭಾರ."

"ಮಾಡಯ್ಯಾ."

ಗವೀಶ ಬಗ್ಗಿ ಪಾದ ಮುಟ್ಟಿದ. ಏನೂ ಆಗಲಿಲ್ಲ. ಮತ್ತೆ ಮುಟ್ಟಿಸಿಕೊಂಡರು. ಆಗಲೂ ಏನೂ ಇಲ್ಲ.

"ನಾನು ಯಾಕೆ ಬೀಳಲಿಲ್ಲ?"

"ನೀವು ಅಲ್ಲಾಡಲಿಲ್ಲ ಬುದ್ಧಿ."

"ಅವನು ಅಲ್ಲಾಡಿದನಾ?"

"ಕಾಲು ಸರಕ್ಕಂತ ಹಿಂದಕ್ಕೆಳೆದರು. ಆಮೇಲೆ ಏನಾಯ್ತು ಅನ್ನೋದು ಸೀಟಿ ಕೇಳಿದ ಮೇಲೇ ನನಗೂ ಗೊತ್ತಾಗಿದ್ದು."

ಸ್ವಾಮಿಗಳು ಗಡ್ಡ ಕೆರೆದುಕೊಂಡರು. "ಬಗ್ಗುವಾಗ ಏನಾದರೂ ಮಾತಾಡಿದೆಯಾ?"

"ಸುಮ್ಮನೆ ಕುಶಲ ಬುದ್ಧಿ. ನಿನ್ನೆ ಸಂಜೆ ಲೋಹಿತನ ಊರಿನ ಬಸ್‌ಸ್ಟಾಂಡಲ್ಲಿ ನಿಮ್ಮನ್ನ ನೋಡಿದ ಹಂಗಾಯ್ತು ಮಾವ, ಅಂದೆ."

"ಹಂಗೇ ನನ್ನನ್ನೂ ಏನಾದರೂ ಕೇಳುತ್ತಾ ಬಗ್ಗು."

ಹುಡುಗ ಸಾಧು. ಏನು ಕೇಳುವುದೆಂದು ತೋಚದೆ ಕಿವಿಗೆ ಬಿದ್ದದ್ದನ್ನೇ ಕೇಳಿದ.

"ಬುದ್ಧಿ, ಬಾಗಿಲಲ್ಲಿ ಅಡುಗೆಯವರು ಗೊಣಗ್ತಾ ಇದ್ದರು. ಭಕ್ತರು ಕೊಟ್ಟ ತುಪ್ಪದ ಡಬ್ಬ ಖಾಲಿಯಂತೆ. ಬೆಕ್ಕು ತಿಂದಿದ್ದು ಅಂತ ನೀವು ಅಂದಿರಂತೆ. ಹೌದಾ?"

ದೊಪ್ಪೆಂದು ಸದ್ದಾಯಿತು.

ಅಡುಗೆಯವರು ಓಡಿ ಬಂದರು. ಸ್ವಾಮಿಗಳು ತುಳಸಿಕಟ್ಟೆಯ ಬುಡದಲ್ಲಿ ಆಕಾಶ ನೋಡುತ್ತಾ ಮಲಗಿದ್ದರು. ಗವೀಶ ಎರಡೂ ಕೈಯಲ್ಲಿ ಅವರ ಕಾಲು ಹಿಡಿದು, ಕಣ್ಣು ಮುಚ್ಚಿ ಬಿದ್ದಿದ್ದ.

"ಏನಾಯ್ತು ಬುದ್ಧಿ?" ಎಂದು ಅಡುಗೆಯವರು ಕೇಳಿದರು.

"ಬೆಕ್ಕು ಸಿಕ್ಕಿತು. ಯಾರಾದರೂ ಸೀಟಿ ಹೊಡೀರಪ್ಪಾ."

ಮಣ್ಣು ಕೊಡವಿಕೊಂಡು ಎದ್ದವರೇ ಸ್ವಾಮಿಗಳು ಪುಟ್ಟಲಿಂಗಯ್ಯನಿಗೆ ಹೇಳಿ ಕಳಿಸಿದರು: ಮಗಳನ್ನೂ ಕರೆದುಕೊಂಡು ಬರಬೇಕು.

ಪುಟ್ಟಲಿಂಗಯ್ಯ ಸೊಂಟಕ್ಕೆ ಪಟ್ಟಿ ಕಟ್ಟಿಕೊಂಡು ಕುಂಟುತ್ತಾ ಬಂದರು. ಈ ಸಲ ಪಂಚೆ ಇಲ್ಲ, ಪ್ಯಾಂಟು. ಅದರ ಮೇಲೆ ಬೆಲ್ಟು ಬೇರೆ. ಹಿಂದೆ ಮಮತ. ಅವರ ಹಿಂದೆ, ಕೆಲಸ ಬಿಟ್ಟು, ಅರ್ಧ ಊರು.

"ಬುದ್ಧಿ, ಈ ಹುಡುಗನಿಗೆ ನೀವೇ ಬುದ್ಧಿ ಹೇಳಿ. ನನ್ನ ಮಗಳ ತಂಟೆಗೆ ಬರಕೂಡದು."

"ಹೇಳೋಣ. ಅದಕ್ಕೆ ಮುಂಚೆ ಇವನು ನಿಮಗೆ ಇನ್ನೊಂದು ಸಲ ನಮಸ್ಕಾರ ಮಾಡಲಿ."

ಪುಟ್ಟಲಿಂಗಯ್ಯ ಬೆಲ್ಟು ಹಿಡಿದುಕೊಂಡರು. "ಮತ್ತೆನಾ?"

"ನೀವು ಸುಮ್ಮನೆ ನಿಂತಿದ್ದರೆ ಏನೂ ಆಗಲ್ಲ. ಅದಕ್ಕೆ ನಾನು ಜವಾಬ್ದಾರಿ."

ಅರ್ಧ ಊರು ನೋಡುತ್ತಿತ್ತು. ಆಗಲ್ಲ ಅಂದರೆ ಅದಕ್ಕೊಂದು ಕಥೆ ಹುಟ್ಟುತ್ತಿತ್ತು. ಪುಟ್ಟಲಿಂಗಯ್ಯ ನಿಂತರು. ಗವೀಶ ಬಗ್ಗಿದ. ಅವನ ಕೈ ಪಾದಕ್ಕೆ ಇನ್ನೇನು ತಾಗಬೇಕು, ಆಗ ಮಮತ ಬಾಯಿ ತೆರೆದಳು. ಆವತ್ತಿನ ಬಸ್‌ಸ್ಟಾಂಡಿನ ಮಾತು ಅವಳ ಕಿವಿಗೂ ಬಿದ್ದಿತ್ತು.

"ಅಪ್ಪಾ, ನಿಶ್ಚಿತಾರ್ಥದ ಹಿಂದಿನ ದಿನ ಸಂಜೆ ಎಲ್ಲಿಗೆ ಹೋಗಿದ್ದೆ?"

ಪುಟ್ಟಲಿಂಗಯ್ಯನ ಬಲಗಾಲಿನ ಹೆಬ್ಬೆರಳು ಅಲುಗಿತು.

ಗವೀಶನ ಬೆರಳುಗಳು ಅರಳಿದವು.

"ತಡೀರೋ! ತಡೀರಿ! ಹೇಳ್ತೀನಿ!" ಪುಟ್ಟಲಿಂಗಯ್ಯ ಕಾಲನ್ನು ಕಲ್ಲಿನಂತೆ ಊರಿಕೊಂಡು ಒಂದೇ ಉಸಿರಿಗೆ ಸುರುಮಾಡಿದರು. "ಲೋಹಿತನ ಮನೆಗೆ ಹೋಗಿದ್ದೆ, ಆ ಹುಡುಗ ಟೀವಿಯಲ್ಲಿ ಬರ್ತಾನೆ, ಅವರಪ್ಪನಿಗೆ ಕಲ್ಲಿನ ಕ್ವಾರಿ ಇದೆ, ಅವರು ಒಬ್ಬಟ್ಟು ಹಾಕಿದರು, ನಾನು ತಿಂದೆ, ಈ ನಿಶ್ಚಿತಾರ್ಥ ನಿಶ್ಚಿತ ಏನಲ್ಲ ಅಂತ ಅವರಿಗೆ ಮಾತು ಕೊಟ್ಟು ಬಂದೆ, ಹೆಂಗೆ ಮುರಿಯೋದು ಅಂತ ದಾರಿ ಕಾಣದೆ ನಿಂತಿದ್ದೆ, ಅಷ್ಟರಲ್ಲಿ ಇವನೇ ನನ್ನ ಸೊಂಟ ಮುರಿದ. ಸಾಕಾ?"

ಗುಂಪಿನಲ್ಲಿದ್ದ ಸೋದರತ್ತೆ, "ಎಷ್ಟು ಒಬ್ಬಟ್ಟು ತಿಂದೆ?" ಅಂದಳು.

ಗವೀಶನ ಕೈ ಮೆಲ್ಲಗೆ ಪಾದದ ಮೇಲೆ ಕೂತಿತು. ಪುಟ್ಟಲಿಂಗಯ್ಯ ಕಣ್ಣು ಮುಚ್ಚಿಕೊಂಡರು. ಏನೂ ಆಗಲಿಲ್ಲ. ಹುಡುಗ ಪಾದ ಮುಟ್ಟಿ ಕಣ್ಣಿಗೊತ್ತಿಕೊಂಡು ಎದ್ದು ನಿಂತ.

"ನನಗೆ ಇವರೇ ಆಗಬೇಕು," ಎಂದಳು ಮಮತ.

"ಏನು ನೋಡಿ ಒಪ್ಪಿದೆ ಮಗಾ ಇವನನ್ನ?"

"ನಿನ್ನನ್ನ ಅಮ್ಮ ಇಪ್ಪತ್ತೈದು ವರ್ಷದಿಂದ ಹಿಡಿಯಕ್ಕಾಗಲಿಲ್ಲ. ಇವರು ಒಂದೇ ಸಲಕ್ಕೆ ಹಿಡಿದರು."

ಜನ ನಕ್ಕರು. ಪುಟ್ಟಲಿಂಗಯ್ಯ ಮೊದಲು ಮಗಳ ಮುಖ ನೋಡಿದರು, ಆಮೇಲೆ ತಮ್ಮ ಎರಡು ಕಾಲು ನೋಡಿಕೊಂಡರು. ಒಪ್ಪಿದೆ ಅಂದರು. ಲೋಹಿತನ ಮನೆಗೆ ನಾನೇ ಹೋಗಿ ಹೇಳಿ ಬರುತ್ತೇನೆ ಎಂದೂ ಅಂದರು. ಊಟದ ಹೊತ್ತು ನೋಡಿಕೊಂಡೇ ಹೋಗುತ್ತಾರೆ ಬಿಡಿ.

ಎಲ್ಲರೂ ಹೋದ ಮೇಲೆ ಗವೀಶ ಕೈ ಕಟ್ಟಿ ನಿಂತ. ಮುಖ ಇನ್ನೂ ಬಾಡಿತ್ತು.

"ಮದುವೆ ಗಟ್ಟಿಯಾಯ್ತು ಬುದ್ಧಿ, ಆದರೆ ಕೈ ಅದೇ ಕೈ. ಮಂಟಪದಲ್ಲಿ ಎರಡೂ ಕಡೆ ಹಿರಿಯರು ಸಾಲಾಗಿ ನಿಂತಿರ್ತಾರೆ. ದೊಡ್ಡಪ್ಪಂದಿರು, ಚಿಕ್ಕಪ್ಪಂದಿರು, ಊರ ಯಜಮಾನರು, ಸೊಸೈಟಿ ಅಧ್ಯಕ್ಷರು, ಬೀಗರ ಬೀಗರು. ಎಲ್ಲರಿಗೂ ಕಾಲು ಮುಟ್ಟಿ ನಮಸ್ಕಾರ ಮಾಡಬೇಕು. ಯಾರನ್ನ ಬಿಡಲಿ ಹೇಳಿ."

ಸ್ವಾಮಿಗಳು ಮೊರವನ್ನು ಮಡಿಲಿಗೆ ಎಳೆದುಕೊಂಡರು.

"ಒಬ್ಬರನ್ನೂ ಬಿಡಬೇಡ," ಎಂದರು. "ನನಗೆ ಮುಂದಿನ ಸಾಲಲ್ಲಿ ಒಂದು ಕುರ್ಚಿ ಹಾಕಿಸು."